ಕಾಸರಗೋಡು ಜಿಲ್ಲೆಯ ಜನಸಂಖ್ಯೆಯನ್ನು ಮನವಿಯಲ್ಲಿ ಬರೆಯುವ ಕ್ರಮ

ಶಾಲೆಗೆ ಕನ್ನಡ ಅಧ್ಯಾಪಕರು ಬೇಕೆಂದೋ, ಕಚೇರಿಯ ಅರ್ಜಿ ಫಾರಂಗಳು ಕನ್ನಡದಲ್ಲಿಯೂ ಇರಬೇಕೆಂದೋ ಮನವಿ ಬರೆಯಲು ಕುಳಿತಾಗ ಮೊದಲು ಬೇಕಾಗುವುದು ಜನಸಂಖ್ಯೆಯ ಅಂಕಿ. ಅಂಕಿ ಸಿಗುವುದು ಕಷ್ಟವಲ್ಲ. ಆದರೆ ಅದು ಯಾವ ಗಡಿಯೊಳಗಿನದು ಎಂದು ತಿಳಿಯದೆ ಬರೆದರೆ ಮನವಿಯ ಬುಡವೇ ಸಡಿಲವಾಗುತ್ತದೆ. ನಾನೇ ಒಮ್ಮೆ ಕುಂಬಳೆ ಪಂಚಾಯತಿನ ಜನಸಂಖ್ಯೆಯನ್ನು ಮಂಜೇಶ್ವರ ಬ್ಲಾಕಿನ (ಕೆಲವು ಗ್ರಾಮ ಪಂಚಾಯತುಗಳು ಸೇರಿದ ಘಟಕದ) ಲೆಕ್ಕಕ್ಕೆ ಸೇರಿಸಿ ಬರೆದಿದ್ದೆ. ಗುಮಾಸ್ತರೊಬ್ಬರು ಆ ಸಾಲಿನ ಕೆಳಗೆ ಪೆನ್ಸಿಲಿನಲ್ಲಿ ಗೆರೆ ಎಳೆದು ಕಾಗದವನ್ನು ಹಿಂದಿರುಗಿಸಿದರು.

ಜಿಲ್ಲೆಯ ಒಟ್ಟು ಲೆಕ್ಕದಲ್ಲಿ ಗೊಂದಲವಿಲ್ಲ. 1984ರ ಮೇ 24ರಂದು ಕಣ್ಣೂರಿನಿಂದ ಬೇರ್ಪಟ್ಟ ಕಾಸರಗೋಡು ಜಿಲ್ಲೆಯಲ್ಲಿ 2011ರ ಜನಗಣತಿಯಂತೆ 13,07,375 ಜನರಿದ್ದರು. ಅವರಲ್ಲಿ 6,28,613 ಗಂಡಸರು, 6,78,762 ಹೆಂಗಸರು. 2001ರಲ್ಲಿ ಈ ಸಂಖ್ಯೆ 12,04,078 ಆಗಿತ್ತು. 2021ರಲ್ಲಿ ಗಣತಿ ನಡೆಯದೆ ಮುಂದಿನದು 2027ಕ್ಕೆ ನಿಗದಿಯಾಗಿರುವುದರಿಂದ, ಅಲ್ಲಿಯವರೆಗೆ 2011ರ ಅಂಕಿಯನ್ನೇ ವರ್ಷದ ಸಮೇತ ಬರೆಯಬೇಕು. ಅಂದಾಜಿನಿಂದ ಬೆಳೆಸಿದ ಸಂಖ್ಯೆಯನ್ನು ಜನಗಣತಿಯ ಹೆಸರಿನಲ್ಲಿ ಬರೆಯಬಾರದು.

ಜಿಲ್ಲೆಯೊಳಗೆ ಇಳಿದಾಗ ಎರಡು ಏಣಿಗಳನ್ನು ಬೇರೆ ಬೇರೆಯಾಗಿ ನೋಡಬೇಕು. ಒಂದು ಕಂದಾಯದ್ದು: ಕಲೆಕ್ಟರರ ಕೆಳಗೆ ಕಾಸರಗೋಡು ಮತ್ತು ಕಾಞಂಗಾಡು ಎಂಬ ಎರಡು ರೆವೆನ್ಯೂ ವಿಭಾಗಗಳು, ಅವುಗಳ ಕೆಳಗೆ ಮಂಜೇಶ್ವರ, ಕಾಸರಗೋಡು, ಹೊಸದುರ್ಗ, ವೆಳ್ಳರಿಕುಂಡು ಎಂಬ ನಾಲ್ಕು ತಾಲೂಕುಗಳು, ಕೊನೆಗೆ ಗ್ರಾಮ ಕಚೇರಿಗಳು. ಇನ್ನೊಂದು ಸ್ಥಳೀಯಾಡಳಿತದ್ದು: 38 ಗ್ರಾಮ ಪಂಚಾಯತುಗಳು, ಆರು ಬ್ಲಾಕ್ ಪಂಚಾಯತುಗಳು, ಜಿಲ್ಲಾ ಪಂಚಾಯತು. ಕಾಸರಗೋಡು, ಕಾಞಂಗಾಡು, ನೀಲೇಶ್ವರ ನಗರಸಭೆಗಳು ಈ ಏಣಿಯ ಹೊರಗೆ. ಜಾಗದ ತೀರ್ವೆಯನ್ನು ಗ್ರಾಮ ಕಚೇರಿಯಲ್ಲಿಯೂ ಮನೆ ತೆರಿಗೆಯನ್ನು ಪಂಚಾಯತಿನಲ್ಲಿಯೂ ಕಟ್ಟುವ ನಮಗೆ ಈ ವ್ಯತ್ಯಾಸ ಗೊತ್ತೇ ಇದೆ. ಬರೆಯುವಾಗ ಮಾತ್ರ ಮರೆತುಹೋಗುತ್ತದೆ. ಕರ್ನಾಟಕದ ಪತ್ರಿಕೆಗಳನ್ನು ಓದುವ ಅಭ್ಯಾಸದಿಂದ ‘ತಾಲೂಕು ಪಂಚಾಯತು’, ‘ಹೋಬಳಿ’ ಎಂದು ಬರೆದುಬಿಡುವವರೂ ಇದ್ದಾರೆ. ಇಲ್ಲಿ ಆ ಎರಡೂ ಇಲ್ಲ.

ಎರಡು ಏಣಿಗಳ ಮೆಟ್ಟಿಲುಗಳು ಒಂದಕ್ಕೊಂದು ಹೊಂದುವುದಿಲ್ಲ ಎಂಬುದಕ್ಕೆ ಕುಂಬಳೆಯೇ ಸಾಕ್ಷಿ. ಕುಂಬಳೆ ಪಂಚಾಯತು ಸೇರಿರುವುದು ಮಂಜೇಶ್ವರ ತಾಲೂಕಿಗೆ, ಮಂಜೇಶ್ವರ ವಿಧಾನಸಭಾ ಕ್ಷೇತ್ರಕ್ಕೆ; ಬ್ಲಾಕ್ ಮಾತ್ರ ಕಾಸರಗೋಡು. ಮಂಜೇಶ್ವರ ಬ್ಲಾಕಿನಲ್ಲಿರುವುದು ಮಂಜೇಶ್ವರ, ವರ್ಕಾಡಿ, ಮೀಂಜ, ಮಂಗಲ್ಪಾಡಿ, ಪೈವಳಿಕೆ, ಪುತ್ತಿಗೆ, ಎಣ್ಮಕಜೆ ಎಂಬ ಏಳು ಪಂಚಾಯತುಗಳು. ಕ್ಷೇತ್ರದ ಲೆಕ್ಕಕ್ಕೆ ಕುಂಬಳೆ ಸೇರಿ ಎಂಟಾಗುತ್ತವೆ. ಮಂಜೇಶ್ವರ ತಾಲೂಕು ಕಚೇರಿ ಇರುವುದೋ ಉಪ್ಪಳದಲ್ಲಿ, ಆ ಪೇಟೆಯ ಪಂಚಾಯತಿನ ಹೆಸರು ಮಂಗಲ್ಪಾಡಿ. ಹಾಗಾಗಿ ಬರೀ ‘ಮಂಜೇಶ್ವರದ ಜನಸಂಖ್ಯೆ’ ಎಂದರೆ ಅದು ಪಂಚಾಯತೋ ಬ್ಲಾಕೋ ತಾಲೂಕೋ ಕ್ಷೇತ್ರವೋ ಎಂದು ಓದುವವರು ಕೇಳಿಯೇ ಕೇಳುತ್ತಾರೆ.

ವರ್ಷಗಳನ್ನು ಹೋಲಿಸುವಾಗ ಇನ್ನೂ ಹೆಚ್ಚಿನ ಎಚ್ಚರ ಬೇಕು. ಮಂಜೇಶ್ವರ ಮತ್ತು ವೆಳ್ಳರಿಕುಂಡು ತಾಲೂಕುಗಳು 2014ರಲ್ಲಿ ಆರಂಭವಾದುದರಿಂದ 2011ರ ಪಟ್ಟಿಯಲ್ಲಿ ಕಾಣುವುದು ಕಾಸರಗೋಡು, ಹೊಸದುರ್ಗ ಎಂಬ ಎರಡೇ ತಾಲೂಕುಗಳು. ಮಂಜೇಶ್ವರ ತಾಲೂಕಿನ ಲೆಕ್ಕ ಬೇಕಾದವರು ಅದಕ್ಕೆ ಸೇರಿದ ಗ್ರಾಮಗಳ ಸಂಖ್ಯೆಯನ್ನು ಒಂದೊಂದಾಗಿ ಹೆಕ್ಕಿ ಕೂಡಿಸಬೇಕಾಗುತ್ತದೆ. 1951ರ ಗಣತಿಯಲ್ಲಿ ಬರುವ ‘ಕಾಸರಗೋಡು ತಾಲೂಕು’ ಮದರಾಸು ರಾಜ್ಯದ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿದ್ದ, ಹೊಸದುರ್ಗ ಇನ್ನೂ ಬೇರೆಯಾಗದಿದ್ದ ವಿಶಾಲ ತಾಲೂಕು. ಹೆಸರು ಒಂದೇ ಎಂಬ ಕಾರಣಕ್ಕೆ ಅದನ್ನು 2011ರ ಕಾಸರಗೋಡು ತಾಲೂಕಿನ ಪಕ್ಕದಲ್ಲಿಟ್ಟು ಏರಿಳಿತವನ್ನು ಹೇಳುವುದು ಸರಿಯಲ್ಲ.

ಗ್ರಾಮೀಣ, ನಗರ ಎಂಬ ವಿಂಗಡಣೆಯೂ ನಮ್ಮ ವಾಡಿಕೆಯ ಅರ್ಥದ್ದಲ್ಲ. ಕನಿಷ್ಠ 5,000 ಜನಸಂಖ್ಯೆ, ಚದರ ಕಿಲೋಮೀಟರಿಗೆ ಕನಿಷ್ಠ 400 ಜನ, ಮುಖ್ಯ ದುಡಿಮೆಯಲ್ಲಿರುವ ಗಂಡಸರಲ್ಲಿ ಶೇಕಡಾ 75ರಷ್ಟಾದರೂ ಕೃಷಿಯೇತರ ಕೆಲಸದವರು ಇದ್ದರೆ ಗಣತಿಯವರು ಆ ಊರನ್ನು ಪಟ್ಟಣವೆಂದು ಎಣಿಸುತ್ತಾರೆ. ಗ್ರಾಮ ಪಂಚಾಯತಿನ ಆಡಳಿತದಲ್ಲಿರುವ ಕುಂಜತ್ತೂರು ಜನಗಣತಿಯಲ್ಲಿ ಪಟ್ಟಣವಾಗಿರುವುದು ಹೀಗೆ.

ಭಾಷೆಯ ಲೆಕ್ಕಕ್ಕೆ ಜನಗಣತಿಯ ಸಿ-16 ಕೋಷ್ಟಕವನ್ನು ನೋಡಬೇಕು. ಅದು ಎಣಿಸುವುದು ಮಾತೃಭಾಷೆಯನ್ನು. ತುಳು, ಕೊಂಕಣಿ, ಮರಾಠಿಗಳಿಗೆ ಅಲ್ಲಿ ಬೇರೆ ಬೇರೆ ಸಾಲುಗಳಿವೆ. ಮನೆಯಲ್ಲಿ ತುಳು ಮಾತಾಡಿ, ಕನ್ನಡ ಮಾಧ್ಯಮದಲ್ಲಿ ಕಲಿತು, ಅರ್ಜಿಯನ್ನು ಕನ್ನಡದಲ್ಲಿ ಬರೆಯುವ ವರ್ಕಾಡಿಯ ಮನೆಯವರು ಕನ್ನಡದ ಸಾಲಿನಲ್ಲಿ ಸಿಗುವುದಿಲ್ಲ. ಕನ್ನಡದ ಸಾಲನ್ನೊಂದೇ ಎತ್ತಿ ಬರೆದರೆ ನಮ್ಮ ಬೇಡಿಕೆಯನ್ನು ನಾವೇ ಕುಗ್ಗಿಸಿದಂತೆ. ಎಲ್ಲವನ್ನೂ ಕೂಡಿಸಿ ಕನ್ನಡಿಗರೆಂದು ಬರೆದರೆ ಅದೂ ಸುಳ್ಳು. ಮಾತೃಭಾಷೆಯ ಅಂಕಿಗಳನ್ನು ಇದ್ದಂತೆಯೇ ಕೊಟ್ಟು, ಶಾಲೆಗಳ ಕನ್ನಡ ಮಾಧ್ಯಮದ ಮಕ್ಕಳ ಸಂಖ್ಯೆಯನ್ನು ಬೇರೆ ಸಾಲಿನಲ್ಲಿ ಬರೆಯುವುದು ನನಗೆ ಸರಿಕಂಡ ದಾರಿ. ಈ ಮನವಿಯನ್ನು ಕನ್ನಡದಲ್ಲಿಯೇ ಸಲ್ಲಿಸಬಹುದು. ಭಾಷಾ ಅಲ್ಪಸಂಖ್ಯಾತರಾದ ಕನ್ನಡಿಗರಿಗೆ 1969ರ ಕೇರಳ ಅಧಿಕೃತ ಭಾಷಾ ಕಾನೂನಿನಲ್ಲಿ ಅದಕ್ಕೆ ಅವಕಾಶವಿದೆ.

ಪ್ರತಿ ಅಂಕಿಯ ಪಕ್ಕದಲ್ಲಿ ಗಣತಿಯ ವರ್ಷ, ಘಟಕದ ಪೂರ್ಣ ಹೆಸರು, ಕೋಷ್ಟಕದ ಸಂಖ್ಯೆ ಈ ಮೂರೂ ಇರಲಿ: ‘2011ರ ಜನಗಣತಿ, ಅಂದಿನ ಕಾಸರಗೋಡು ತಾಲೂಕು, ಸಿ-16’ ಎಂಬಂತೆ. ವಾರ್ಡಿನ ಲೆಕ್ಕ ಕೊಡುವುದಾದರೆ ಹಳೆಯ ವಾರ್ಡೋ, ಮರುವಿಂಗಡಣೆಯ ನಂತರದ ವಾರ್ಡೋ ಎಂಬುದನ್ನು ಪಂಚಾಯತು ಕಚೇರಿಯಲ್ಲಿ ಕೇಳಿಕೊಂಡೇ ಬರೆಯಿರಿ.