ಮೂಕಿ ಚಿತ್ರದ ನಟಿಯೊಬ್ಬರ ಜಾಡು ಹಿಡಿಯುವುದು ಹೇಗೆ?

ದಾವಣಗೆರೆಯಲ್ಲಿ ಕೂತು ಸುಮಾರು ನೂರು ವರ್ಷದ ಹಿಂದಿನ ನಟಿಯನ್ನು ಹುಡುಕುವುದು ಆಗದ ಮಾತು ಅನಿಸಬಹುದು. ಆದರೆ ಆಗುತ್ತದೆ. ಒಂದು ಮೊಬೈಲು, ಒಂದು ನೋಟ್‌ಬುಕ್ಕು, ಒಂದಿಷ್ಟು ತಾಳ್ಮೆ ಇದ್ದರೆ ಸಾಕು. ಏಣಾಕ್ಷಿ ರಾಮರಾವ್ ಅವರನ್ನೇ ಉದಾಹರಣೆಗೆ ಇಟ್ಟುಕೊಂಡು ಹೇಳುತ್ತೇನೆ, ಯಾಕೆಂದರೆ ಕನ್ನಡಿಗರಾದ ನಾವು ಅವರನ್ನು ಇಷ್ಟು ಮರೆತಿರುವುದು ನನಗೆ ನಿಜಕ್ಕೂ ಬೇಸರದ ವಿಷಯ.

ಮೊದಲು ಹೆಸರು ಬಿಡಿ, ಸಿನಿಮಾ ಹಿಡಿಯಿರಿ. ಮೂಕಿ ಕಾಲದ ಹೆಚ್ಚಿನ ರೀಲುಗಳು ಉಳಿದಿಲ್ಲ. ಆಗಿನ ನೈಟ್ರೇಟ್ ಫಿಲ್ಮ್ ಬೇಗ ಬೆಂಕಿ ಹಿಡಿಯುತ್ತಿತ್ತು, ಉಳಿದದ್ದನ್ನೂ ಅದರಲ್ಲಿದ್ದ ಬೆಳ್ಳಿಗಾಗಿ ಕರಗಿಸಿಬಿಡುತ್ತಿದ್ದರು. ಏಣಾಕ್ಷಿ ಅವರ ಅದೃಷ್ಟ, 1928ರ 'ಶಿರಾಜ್' ಉಳಿದಿದೆ. ಫ್ರಾಂಜ್ ಓಸ್ಟೆನ್ ನಿರ್ದೇಶಿಸಿದ ತಾಜ್‌ಮಹಲಿನ ಕಥೆ ಅದು. 2017ರಲ್ಲಿ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಅದನ್ನು ಚೊಕ್ಕ ಮಾಡಿ ಹೊರತಂದಿತು. ಕುಂಬಾರನ ಮನೆಯಲ್ಲಿ ಬೆಳೆದು ಮುಂದೆ ಮುಮ್ತಾಜ್ ಆಗುವ ಸೆಲಿಮಾ ಪಾತ್ರ ಇವರದು. ಸುಮ್ನೆ ಒಂದು ಸಲ ನೋಡಿ ಬಿಡಬೇಡಿ. ಕುಂಬಾರನ ಮಗ ಶಿರಾಜನ ತಲೆ ಮೇಲೆ ಆನೆ ಕಾಲು ಎತ್ತುವ ದೃಶ್ಯ ಬರುತ್ತದಲ್ವಾ, ಅದನ್ನು ಕಥೆಗಾಗಿ ಒಮ್ಮೆ ನೋಡಿ, ಆಮೇಲೆ ಸೆಲಿಮಾ ಇರುವ ದೃಶ್ಯಗಳಿಗೆ ಬಂದು ಅವರ ಕಣ್ಣು, ಕೈಗಳನ್ನಷ್ಟೇ ನೋಡಿ. ಮಾತಿಲ್ಲದ ಸಿನಿಮಾದಲ್ಲಿ ನಟಿ ಬಿಟ್ಟುಹೋದ ದಾಖಲೆ ಅದೇ.

ಈಗ ಹೆಸರಿಗೆ ಬನ್ನಿ. ಇಂಗ್ಲಿಷಿನಲ್ಲಿ 'ರಾವ್' ಎಂಬುದರ ಕೊನೆಯ ಅಕ್ಷರ ಒಂದು ಕಡೆ 'ಒ', ಇನ್ನೊಂದು ಕಡೆ 'ಯು'. ಎರಡೂ ಹಾಕಿ ಹುಡುಕಿ. ಮದುವೆಯಾದ ಮೇಲಿನ ಹೆಸರನ್ನಂತೂ ಮರೆಯಲೇಬೇಡಿ. ಜಾಡು ತಪ್ಪುವುದು ಜಾಸ್ತಿ ಇಲ್ಲೇ. ಇವರು ನಿರ್ದೇಶಕ ಮೋಹನ್ ಭವನಾನಿ ಅವರನ್ನು ಮದುವೆಯಾದರು, ಮುಂದೆ ಏಣಾಕ್ಷಿ ಭವನಾನಿ ಎಂಬ ಹೆಸರಿನಲ್ಲಿ ನೃತ್ಯದ ಬಗ್ಗೆ ಪುಸ್ತಕ ಬರೆದರು. ಹಳೆಯ ಹೆಸರಷ್ಟೇ ಹಾಕಿದರೆ ಅರ್ಧ ಬದುಕು ಕೈತಪ್ಪುತ್ತದೆ.

ನಟಿಯ ಬಗ್ಗೆ ಏನೂ ಸಿಗದಿದ್ದರೆ ಜೊತೆಗೆ ನಟಿಸಿದವರನ್ನು ಹಿಡಿಯಿರಿ. ಭವನಾನಿ ಅವರ 'ಮೃಚ್ಛಕಟಿಕ'ದಲ್ಲಿ ಏಣಾಕ್ಷಿ ವಸಂತಸೇನೆ. ಅದರಲ್ಲಿ ಟಿ.ಪಿ. ಕೈಲಾಸಂ, ಕಮಲಾದೇವಿ ಚಟ್ಟೋಪಾಧ್ಯಾಯ ಕೂಡ ಇದ್ದರು. ಇವರಿಬ್ಬರ ಬಗ್ಗೆ ಪುಸ್ತಕಗಳಿಗೆ ಬರವಿಲ್ಲ, ಊರಿನ ಗ್ರಂಥಾಲಯದಲ್ಲೇ ಶುರು ಮಾಡಬಹುದು. ನಮ್ಮದು ನಾಟಕ ಕಂಪನಿಗಳ ಊರು, ಚಿಂದೋಡಿ ಲೀಲಾ ಅವರ ಊರು. ಹಳೆಯ ರಂಗಕರ್ಮಿಗಳ ಮನೆಯಲ್ಲಿ ಹ್ಯಾಂಡ್‌ಬಿಲ್, ಫೋಟೋ ಇದ್ದರೆ ವಿನಯದಿಂದ ಕೇಳಿ. ಗುಬ್ಬಿ ಕಂಪನಿಯ ಬಿ. ಜಯಮ್ಮ ಅವರೂ ಮೂಕಿ ಚಿತ್ರದಲ್ಲಿ ನಟಿಸಿದವರೇ. ಫೋಟೋ ಸಿಕ್ಕರೆ ಹಿಂಬದಿಯನ್ನೂ ಮೊಬೈಲಿನಲ್ಲಿ ತೆಗೆದುಕೊಳ್ಳಿ. ಸ್ಟುಡಿಯೋದ ಮುದ್ರೆ, ಪೆನ್ಸಿಲ್ಲಿನಲ್ಲಿ ಬರೆದ ಹೆಸರು ಇರುವುದು ಅಲ್ಲೇ.

ನೋಟ್‌ಬುಕ್ಕಿನಲ್ಲಿ ಮೂರು ಕಾಲಂ ಹಾಕಿ: ಪರದೆಯಲ್ಲಿ ಕಂಡದ್ದು, ಆ ಕಾಲದಲ್ಲೇ ಅಚ್ಚಾದದ್ದು, ಯಾರೋ ಹೇಳಿದ್ದು. ಮೂರನೆಯದನ್ನು ಎರಡನೆಯದಕ್ಕೆ ಸೇರಿಸುವ ಆಸೆ ಬರುತ್ತದೆ. ಬೇಡ.

ಇಷ್ಟಾದ ಮೇಲೆ ಪುಣೆ. 1964ರಲ್ಲಿ ಶುರುವಾದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಅಲ್ಲಿದೆ, ನಮ್ಮೂರಿಂದ ರೈಲಿನಲ್ಲೇ ಹೋಗಬಹುದು. ಹೊರಡುವ ಮುಂಚೆ ಪತ್ರ ಬರೆಯಿರಿ. ಸಿನಿಮಾ ಹೆಸರು, ವರ್ಷ, ನಟಿಯ ಎಲ್ಲ ಹೆಸರುಗಳು ಅದರಲ್ಲಿರಲಿ.