ಕಸ್ಟರ್ಡ್ ಗಂಟಾಗದಿರಲು
ಕಸ್ಟರ್ಡ್ ಪುಡಿಯನ್ನು ಬಿಸಿ ಹಾಲಿಗೆ ನೇರವಾಗಿ ಹಾಕಲೇಬೇಡಿ. ಅದರಲ್ಲಿರುವುದು ಹೆಚ್ಚಾಗಿ ಕಾರ್ನ್‌ಫ್ಲೋರ್, ಬಿಸಿ ತಾಗಿದ ತಕ್ಷಣ ಗಂಟು ಕಟ್ಟುತ್ತದೆ. ಅರ್ಧ ಲೀಟರ್ ಹಾಲಿಗೆ 2 ದೊಡ್ಡ ಚಮಚ ಪುಡಿ ಸಾಕು. ಮೊದಲು ಅರ್ಧ ಲೋಟ ತಣ್ಣನೆಯ ಹಾಲಲ್ಲಿ ಕದಡಿಟ್ಟುಕೊಳ್ಳಿ. ಉಳಿದ ಹಾಲಿಗೆ 4 ಚಮಚ ಸಕ್ಕರೆ ಹಾಕಿ, ಕುದಿ ಬಂದ ಮೇಲೆ ಉರಿ ಸಣ್ಣ ಮಾಡಿ. ಲೋಟದ ತಳದಲ್ಲಿ ಕೂತಿರುವ ಪುಡಿಯನ್ನು ಮತ್ತೊಮ್ಮೆ ಕದಡಿ, ಸಣ್ಣ ಧಾರೆಯಾಗಿ ಸುರಿಯುತ್ತಾ ಕೈಯಾಡಿಸಿ. ಸೌಟಿನ ಹಿಂಬದಿಯಲ್ಲಿ ಬೆರಳಿನಿಂದ ಗೀರಿದರೆ ಗೆರೆ ಹಾಗೇ ನಿಲ್ಲಬೇಕು. ಆಗ ಇಳಿಸಿಬಿಡಿ, ಆರಿದಾಗ ಇನ್ನೂ ಗಟ್ಟಿಯಾಗುತ್ತದೆ ಅಲ್ವಾ.

ಕೆನೆ ಕಟ್ಟದಂತೆ ಆಗಾಗ ತಿರುವುತ್ತಿರಿ. ಕಸ್ಟರ್ಡ್ ಪೂರ್ತಿ ತಣ್ಣಗಾದ ಮೇಲೆ ಹಣ್ಣು ಹಾಕಿ. ಏಲಕ್ಕಿ ಬಾಳೆ, ದಾಳಿಂಬೆ ನನಗಂತೂ ತುಂಬಾ ಇಷ್ಟ. ಹಸಿ ಅನಾನಸ್ ಮಾತ್ರ ಬೇಡ, ಹಾಲಿನ ಜೊತೆ ಕಹಿಯಾಗುತ್ತದೆ.