ಸೇನೆಯಿಂದ ಸಂಸತ್ತಿಗೆ: ಮಾಜಿ ಸೈನಿಕರು ಲೋಕಸಭೆಗೆ ನಿಲ್ಲುವುದು ಹೇಗೆ?

ನಮ್ಮ ಚಿಕ್ಕಪ್ಪ ಹವಾಲ್ದಾರ್ ಆಗಿ ರಿಟೈರ್ ಆಗಿ ಊರಿಗೆ ಬಂದಾಗ ಅವರ ಜೊತೆ ಒಂದು ಕಪ್ಪು ತಗಡಿನ ಟ್ರಂಕು ಬಂತು. ಮುಚ್ಚಳದ ಮೇಲೆ ಬಿಳಿ ಪೇಂಟಿನಲ್ಲಿ ಅವರ ನಂಬರು, ಹೆಸರು, ಯೂನಿಟ್ಟು. ಒಳಗೆ ಡಿಸ್ಚಾರ್ಜ್ ಬುಕ್ಕು, ಪಿಂಚಣಿ ಕಾಗದ, ಇಸ್ತ್ರಿ ಮಾಡಿದ ಒಂದು ಜೊತೆ ಸಮವಸ್ತ್ರ, ಪೇಪರಿನಲ್ಲಿ ಸುತ್ತಿಟ್ಟ ಮೆಡಲುಗಳು. ಮರುವರ್ಷ ಎಲೆಕ್ಷನ್ ಬಂತು. ಬೆಳಿಗ್ಗೆ ಏಳಕ್ಕೇ ಬಿಳಿ ಅಂಗಿ ತೊಟ್ಟು ಶಾಲೆಯ ಬೂತಿಗೆ ಹೋದರು. ಪಟ್ಟಿಯಲ್ಲಿ ಅವರ ಹೆಸರೇ ಇರಲಿಲ್ಲ. ಹೊರಗೆ ಹುಣಸೆಮರದ ಕೆಳಗೆ ತುಂಬಾ ಹೊತ್ತು ಸುಮ್ನೆ ನಿಂತಿದ್ದರು. 24 ವರ್ಷ ಅವರು ಸೇವಾ ಮತದಾರರಾಗಿದ್ದರು, ಅಂದರೆ ಸೇವೆಯಲ್ಲಿರುವವರಿಗೆಂದೇ ಇರುವ ಪ್ರತ್ಯೇಕ ಪಟ್ಟಿಯಲ್ಲಿ ಅವರ ಹೆಸರಿತ್ತು. ಸೇನೆ ಬಿಟ್ಟ ಮೇಲೆ ಊರಿನ ಪಟ್ಟಿಗೆ ತಾವೇ ಅರ್ಜಿ ಹಾಕಬೇಕು ಅನ್ನುವುದನ್ನು ಅವರಿಗೆ ಯಾರೂ ಹೇಳಿರಲಿಲ್ಲ.

'ನೀವು ಮಿಲಿಟರಿಯವರು, ಎಂಪಿ ಎಲೆಕ್ಷನ್‌ಗೆ ನಿಂತ್ಕೊಳ್ಳಿ' ಎಂದು ಊರಿನ ಹುಡುಗರು ಮಾಜಿ ಸೈನಿಕರಿಗೆ ಹೇಳುವುದನ್ನು ಕೇಳಿದಾಗಲೆಲ್ಲ ನನಗೆ ಆ ಹುಣಸೆಮರ ನೆನಪಾಗುತ್ತದೆ. ನಿಲ್ಲುವುದು ಖಂಡಿತ ಸಾಧ್ಯ. ನಿಲ್ಲಬೇಕು ಕೂಡ. ಜವಾನರು ನಲವತ್ತರ ಆಸುಪಾಸಿನಲ್ಲೇ ಊರಿಗೆ ಮರಳುತ್ತಾರೆ. ಲೋಕಸಭೆಗೆ ಬೇಕಾದ ಕನಿಷ್ಠ ವಯಸ್ಸು 25, ರಾಜ್ಯಸಭೆಗೆ 30. ಮುಂದೆ ಬೇಕಾದಷ್ಟು ಕಾಲ ಇದೆ. ಆದರೆ ದಾರಿಯ ಹೆಜ್ಜೆಗಳು ಗೊತ್ತಿರಬೇಕು.

ಮೊದಲು ಸೇನೆಯಿಂದ ಪೂರ್ತಿ ಹೊರಬನ್ನಿ

ಸೇವೆಯಲ್ಲಿರುವವರಿಗೆ ರಾಜಕೀಯ ನಿಷಿದ್ಧ. 1954ರ ಸೇನಾ ನಿಯಮಗಳ 20ನೇ ನಿಯಮ ಇದನ್ನು ಬಿಡಿಸಿ ಹೇಳುತ್ತದೆ. ಪಕ್ಷದ ಸಭೆಗೆ ಹೋಗುವಂತಿಲ್ಲ, ಸದಸ್ಯರಾಗುವಂತಿಲ್ಲ, ಚಂದಾ ಕೊಡುವಂತಿಲ್ಲ. 'ಮುಂದಿನ ಸಲ ನಾನು ಅಭ್ಯರ್ಥಿ' ಎಂದು ಹೇಳಿಕೊಳ್ಳುವಂತೆಯೂ ಇಲ್ಲ, ಬೇರೆಯವರಿಂದ ಹೇಳಿಸಿಕೊಳ್ಳುವಂತೆಯೂ ಇಲ್ಲ.

ಇಲ್ಲಿ ಎಡವುವವರು ಜಾಸ್ತಿ. ನಿವೃತ್ತಿಗೆ ಮುಂಚಿನ ರಜೆಯಲ್ಲಿ ಊರಿಗೆ ಬಂದಾಗಲೇ ಸನ್ಮಾನ, ಮೆರವಣಿಗೆ, ಪಕ್ಷದ ಶಾಲು ಎಲ್ಲ ಶುರುವಾಗುತ್ತದೆ. ರಜೆ ಅಂದರೆ ಬಿಡುಗಡೆ ಅಲ್ಲ. ಡಿಸ್ಚಾರ್ಜ್ ಬುಕ್ಕಿನಲ್ಲಿರುವ ತಾರೀಖು ಬರುವ ತನಕ ನೀವು ಸೈನಿಕರೇ. ಅಲ್ಲಿಯವರೆಗೆ ಆ ಶಾಲು ಬೇಡ.

ಪಿಂಚಣಿ ಬರುತ್ತಿದ್ದರೆ ತೊಂದರೆ ಇಲ್ಲ, ಅದು ಲಾಭದಾಯಕ ಹುದ್ದೆ (ಸಂಸದರಾಗಲು ಅಡ್ಡಿಯಾಗುವ ಸರ್ಕಾರಿ ಹುದ್ದೆ) ಅಲ್ಲ. ಆದರೆ ಸೇನೆ ಬಿಟ್ಟ ಮೇಲೆ ಮಾಜಿ ಸೈನಿಕರ ಕೋಟಾದಲ್ಲಿ ಸರ್ಕಾರಿ ಇಲಾಖೆಯನ್ನೋ ಸರ್ಕಾರಿ ಬ್ಯಾಂಕನ್ನೋ ಸೇರಿದ್ದರೆ, ಆ ಕೆಲಸಕ್ಕೆ ರಾಜೀನಾಮೆ ಕೊಡಬೇಕು. ಕೊಟ್ಟರಷ್ಟೇ ಸಾಲದು, ಅದು ಅಂಗೀಕಾರವಾದ ಪತ್ರ ನಾಮಪತ್ರಕ್ಕೆ ಮೊದಲೇ ಕೈಯಲ್ಲಿರಬೇಕು. ಟೆರಿಟೋರಿಯಲ್ ಆರ್ಮಿಯವರಿಗೆ (ಬೇರೆ ಕೆಲಸದ ಜೊತೆಗೇ ಅರೆಕಾಲಿಕವಾಗಿ ಸೇನೆಯಲ್ಲಿರುವವರು) ಮಾತ್ರ ಸಂಸದರ ಅನರ್ಹತೆ ತಡೆಯುವ 1959ರ ಕಾನೂನಿನಲ್ಲೇ ವಿನಾಯಿತಿ ಇದೆ. ಸಚಿನ್ ಪೈಲಟ್, ಅನುರಾಗ್ ಠಾಕೂರ್ ಸಂಸದರಾಗಿದ್ದುಕೊಂಡೇ ಟೆರಿಟೋರಿಯಲ್ ಆರ್ಮಿಯ ಅಧಿಕಾರಿಗಳಾಗಿದ್ದು ಹಾಗೆಯೇ.

ಸೇವೆಯಿಂದ ವಜಾ ಆದವರು ಇನ್ನೊಂದು ಮಾತು ನೆನಪಿಡಬೇಕು. 2019ರಲ್ಲಿ ವಾರಾಣಸಿಯಲ್ಲಿ ನಡೆದದ್ದು ಗೊತ್ತಲ್ವಾ? ಊಟದ ಗುಣಮಟ್ಟದ ಬಗ್ಗೆ ವಿಡಿಯೊ ಮಾಡಿದ್ದ ಗಡಿ ಭದ್ರತಾ ಪಡೆಯ ತೇಜ್ ಬಹದ್ದೂರ್ ಯಾದವ್ 2017ರಲ್ಲಿ ವಜಾ ಆಗಿದ್ದರು. ಎರಡು ವರ್ಷದ ನಂತರ ಸಮಾಜವಾದಿ ಪಕ್ಷದಿಂದ ನಾಮಪತ್ರ ಹಾಕಿದರು. ಅದು ತಿರಸ್ಕೃತವಾಯಿತು. ವಜಾ ಆಗಿ ಐದು ವರ್ಷ ತುಂಬದಿದ್ದರೆ, 'ಭ್ರಷ್ಟಾಚಾರಕ್ಕಾಗಲಿ ದೇಶನಿಷ್ಠೆ ಇಲ್ಲದ್ದಕ್ಕಾಗಲಿ ವಜಾ ಆದದ್ದಲ್ಲ' ಎಂಬ ಚುನಾವಣಾ ಆಯೋಗದ ಪ್ರಮಾಣಪತ್ರವನ್ನು ನಾಮಪತ್ರದ ಜೊತೆಗೇ ಕೊಡಬೇಕು. ಅವರ ಬಳಿ ಅದು ಇರಲಿಲ್ಲ. ಸುಪ್ರೀಂ ಕೋರ್ಟ್‌ವರೆಗೆ ಹೋದರೂ 2020ರಲ್ಲಿ ಅರ್ಜಿ ವಜಾ ಆಯಿತು. ಒಂದು ಕಾಗದ ಇಲ್ಲದೆ ಅಷ್ಟು ದೊಡ್ಡ ಕಣವೇ ಕೈತಪ್ಪಿತು.

ಊರಿನ ಪಟ್ಟಿಗೆ ಹೆಸರು

ಲೋಕಸಭೆಗೆ ನಿಲ್ಲಲು ದೇಶದ ಯಾವುದಾದರೂ ಒಂದು ಲೋಕಸಭಾ ಕ್ಷೇತ್ರದಲ್ಲಿ ನೀವು ಮತದಾರರಾಗಿರಬೇಕು. ಡಿಸ್ಚಾರ್ಜ್ ಆದ ತಿಂಗಳಲ್ಲೇ ಫಾರಂ 6 ತುಂಬಿ ಬಿಎಲ್‌ಒ (ಬೂತ್ ಮಟ್ಟದ ಅಧಿಕಾರಿ) ಕೈಗೆ ಕೊಡಿ, ಇಲ್ಲವೇ ಚುನಾವಣಾ ಆಯೋಗದ ಆ್ಯಪ್‌ನಲ್ಲಿ ಹಾಕಿ. ನಿಮ್ಮ ಜೊತೆ ಹೆಂಡತಿಯ ಹೆಸರೂ ಸೇವಾ ಮತದಾರರ ಪಟ್ಟಿಯಲ್ಲಿದ್ದರೆ ಅವರ ಅರ್ಜಿಯನ್ನೂ ಒಟ್ಟಿಗೇ ಹಾಕಿ. ನಂತರ ಪಟ್ಟಿ ತೆಗೆದು ಕಣ್ಣಾರೆ ನೋಡಿ. ಬೇರೆ ಕ್ಷೇತ್ರದಿಂದ ನಿಲ್ಲುವುದಾದರೆ ನಿಮ್ಮ ಹೆಸರಿರುವ ಪುಟದ ದೃಢೀಕೃತ ಪ್ರತಿ ಬೇಕಾಗುತ್ತದೆ.

ಊರಿನವರಾಗುವುದು

ಎಲ್ಲಕ್ಕಿಂತ ಕಷ್ಟದ ಹೆಜ್ಜೆ ಇದು. ಇದಕ್ಕೆ ಯಾವ ಫಾರಂ ಕೂಡ ಇಲ್ಲ. ಜನ ಸೈನಿಕನಿಗೆ ಗೌರವ ಕೊಡುತ್ತಾರೆ, ಬಸ್ಸಿನಲ್ಲಿ ಸೀಟು ಬಿಟ್ಟುಕೊಡುತ್ತಾರೆ. ಆದರೆ ಓಟು ಬೇರೆ ಲೆಕ್ಕ.

ನಮ್ಮ ಕೊಡಗಿನ ಜನರಲ್ ಕಾರ್ಯಪ್ಪನವರಿಗಿಂತ ದೊಡ್ಡ ಸೈನಿಕ ಯಾರು ಬೇಕು? ಸ್ವತಂತ್ರ ಭಾರತದ ಸೇನೆಯ ಮೊದಲ ಭಾರತೀಯ ಮುಖ್ಯಸ್ಥರು. 1971ರಲ್ಲಿ ಅವರು ಮುಂಬೈಯಿಂದ ಲೋಕಸಭೆಗೆ ನಿಂತರು. ಸೋತರು. ಗೊರೂರಿನ ಕ್ಯಾಪ್ಟನ್ ಗೋಪಿನಾಥ್ 1971ರ ಯುದ್ಧ ಕಂಡವರು, ಏರ್ ಡೆಕ್ಕನ್ ಕಟ್ಟಿ ಜನಸಾಮಾನ್ಯರನ್ನು ವಿಮಾನ ಹತ್ತಿಸಿದವರು. 2009ರಲ್ಲಿ ಬೆಂಗಳೂರು ದಕ್ಷಿಣದಿಂದ ಪಕ್ಷೇತರರಾಗಿ ನಿಂತರು. ಅವರೂ ಸೋತರು. ಈ ಇಬ್ಬರ ಯೋಗ್ಯತೆಯ ಬಗ್ಗೆ ಎರಡು ಮಾತಿಲ್ಲ. ಆದರೆ ಬೂತ್ ಬೂತ್‌ನಲ್ಲಿ 'ಇವರು ನಮ್ಮವರು' ಎಂದು ಹೇಳುವ ಜನ ಬೇಕು. ಆ ಬಲ ಚುನಾವಣೆಯ ಮೂರು ತಿಂಗಳಲ್ಲಿ ಹುಟ್ಟುವುದಿಲ್ಲ.

ಈಗ 2024ಕ್ಕೆ ಬನ್ನಿ. ದಕ್ಷಿಣ ಕನ್ನಡದಿಂದ ಬಿಜೆಪಿಯ ಕ್ಯಾಪ್ಟನ್ ಬ್ರಿಜೇಶ್ ಚೌಟ ಗೆದ್ದರು. ಗೂರ್ಖಾ ರೈಫಲ್ಸ್‌ನಲ್ಲಿದ್ದವರು. ಸೇನೆ ಬಿಟ್ಟು ಬಂದ ಮೇಲೆ ನೇರ ಟಿಕೆಟ್ ಕೇಳಲಿಲ್ಲ. ವರ್ಷಗಟ್ಟಲೆ ಪಕ್ಷದ ಸಂಘಟನೆಯಲ್ಲಿ ದುಡಿದು ರಾಜ್ಯ ಕಾರ್ಯದರ್ಶಿಯಾದರು. ಮಂಗಳೂರಿನಲ್ಲಿ ಕಂಬಳ ಕಟ್ಟಿದರು. ಕೋಣ ಓಡಿಸುವವರು, ಕರೆ (ಕೋಣಗಳ ಓಟದ ಕೆಸರಿನ ಜಾಡು) ಹದ ಮಾಡುವವರು, ಗದ್ದೆಯ ಯಜಮಾನರು, ನೋಡಲು ಬರುವ ಸಾವಿರಾರು ಮಂದಿ ಇವರೆಲ್ಲರ ಜೊತೆ ವರ್ಷ ವರ್ಷ ಓಡಾಡಿದರೆ ಆಗುವ ಪರಿಚಯವೇ ಬೇರೆ.

ಪಕ್ಕದ ದಕ್ಷಿಣ ಗೋವಾದಲ್ಲಿ ಅದೇ ಚುನಾವಣೆಯಲ್ಲಿ ಕಾಂಗ್ರೆಸ್‌ನ ಕ್ಯಾಪ್ಟನ್ ವಿರಿಯಾಟೊ ಫರ್ನಾಂಡಿಸ್ ಗೆದ್ದರು. ಇವರು ನೌಕಾಪಡೆಯವರು. (ನೌಕಾಪಡೆಯ ಕ್ಯಾಪ್ಟನ್ ಅಂದರೆ ಭೂಸೇನೆಯ ಕರ್ನಲ್‌ಗೆ ಸಮ. ಇಬ್ಬರೂ ಕ್ಯಾಪ್ಟನ್ನೇ ಆದರೂ ದರ್ಜೆ ಬೇರೆ.) ಗೋವಾದ ನೆಲ ಜಲದ ಹೋರಾಟಗಳಲ್ಲಿ ಜನರ ಜೊತೆ ನಿಂತವರು. 2022ರಲ್ಲಿ ದಾಬೋಲಿಂ ವಿಧಾನಸಭಾ ಕ್ಷೇತ್ರದಲ್ಲಿ ಸೋತರು. ಸೋತ ಮೇಲೂ ಊರು ಬಿಡಲಿಲ್ಲ. ಎರಡೇ ವರ್ಷಕ್ಕೆ ಸಂಸತ್ತು ಸೇರಿದರು.

ಹಾಗಾದರೆ ಸೇನೆ ಬಿಟ್ಟ ಕೂಡಲೇ ಗೆದ್ದವರಿಲ್ವಾ? ಇದ್ದಾರೆ. ಜನರಲ್ ವಿ.ಕೆ. ಸಿಂಗ್ 2014ರ ಮಾರ್ಚ್‌ನಲ್ಲಿ ಬಿಜೆಪಿ ಸೇರಿ ಮೇ ತಿಂಗಳಲ್ಲಿ ಗಾಜಿಯಾಬಾದ್‌ನ ಸಂಸದರಾದರು. ಕರ್ನಲ್ ರಾಜ್ಯವರ್ಧನ್ ಸಿಂಗ್ ರಾಠೋಡ್ 2013ರಲ್ಲಿ ಸೇನೆ ಬಿಟ್ಟು ಮರುವರ್ಷವೇ ಜೈಪುರ ಗ್ರಾಮಾಂತರದಿಂದ ಗೆದ್ದರು. ಆದರೆ ಒಬ್ಬರು ಸೇನಾ ಮುಖ್ಯಸ್ಥರಾಗಿದ್ದವರು, ಇನ್ನೊಬ್ಬರು ಒಲಿಂಪಿಕ್ಸ್ ಬೆಳ್ಳಿ ಗೆದ್ದವರು. ಅವರನ್ನು ನೋಡಿ ನಿಮ್ಮ ಲೆಕ್ಕ ಹಾಕಬೇಡಿ.

ಎಲ್ಲಿಂದ ಶುರು ಮಾಡುವುದು? ನನ್ನ ಪ್ರಕಾರ ಪಿಂಚಣಿಯಿಂದ. ಪ್ರತಿ ತಾಲ್ಲೂಕಿನಲ್ಲೂ ಪಿಂಚಣಿ ನಿಂತುಹೋದ ವೀರನಾರಿಯರಿದ್ದಾರೆ (ಹುತಾತ್ಮ ಸೈನಿಕರ ಪತ್ನಿಯರು), ಇಸಿಎಚ್‌ಎಸ್ (ಮಾಜಿ ಸೈನಿಕರ ಆರೋಗ್ಯ ಯೋಜನೆ) ಕಾರ್ಡ್ ಮಾಡಿಸಲು ಗೊತ್ತಾಗದ ವಯಸ್ಸಾದ ಸುಬೇದಾರರಿದ್ದಾರೆ. ಅವರನ್ನು ಕರೆದುಕೊಂಡು ಸೈನಿಕ ಕಲ್ಯಾಣ ಇಲಾಖೆಯ ಕಚೇರಿಗೆ ಹೋಗಿ ಬನ್ನಿ. ಕೆಲಸ ಆಗುವ ತನಕ ಹೋಗಿ. ಆಮೇಲೆ ಸೈನಿಕರಲ್ಲದವರೂ ಖಾತೆ, ಪಹಣಿ, ಪಡಿತರ ಚೀಟಿ ಹಿಡಿದು ನಿಮ್ಮ ಜಗಲಿಗೆ ಬರತೊಡಗುತ್ತಾರೆ. ಹಾಗೆ ಬಂದರೆ ನೀವು ಊರಿನವರಾದಿರಿ ಎಂದೇ ಅರ್ಥ. ಗ್ರಾಮ ಪಂಚಾಯಿತಿಗೋ ಸೊಸೈಟಿಗೋ ಮೊದಲು ನಿಲ್ಲುವುದು ಸಣ್ಣ ಮಾತಲ್ಲ. ಕರ್ನಾಟಕದಲ್ಲಿ ಒಂದು ಲೋಕಸಭಾ ಕ್ಷೇತ್ರ ಅಂದರೆ ಎಂಟು ವಿಧಾನಸಭಾ ಕ್ಷೇತ್ರಗಳು.

ನಾಮಪತ್ರದ ಫೈಲು

ಪಕ್ಷದ ಟಿಕೆಟ್ ಸಿಕ್ಕರೆ ಎ ಫಾರಂ, ಬಿ ಫಾರಂ ಪಕ್ಷದಿಂದ ಬರುತ್ತವೆ. ನಾಮಪತ್ರದ ಕೊನೆಯ ದಿನ ಮಧ್ಯಾಹ್ನ 3ರೊಳಗೆ ಅವು ಚುನಾವಣಾಧಿಕಾರಿಯ ಕೈ ಸೇರಿರಬೇಕು. ಮಾನ್ಯತೆ ಪಡೆದ ಪಕ್ಷದವರಿಗೆ ಒಬ್ಬ ಸೂಚಕ ಸಾಕು. ಪಕ್ಷೇತರರಿಗೆ ಹತ್ತು ಮಂದಿ ಬೇಕು, ಹತ್ತೂ ಜನ ಅದೇ ಕ್ಷೇತ್ರದ ಮತದಾರರಾಗಿರಬೇಕು. ಒಬ್ಬರ ಕ್ರಮಸಂಖ್ಯೆ ತಪ್ಪಿದರೂ ತೊಂದರೆ. ಹಾಗಾಗಿ ನಾಲ್ಕು ಸೆಟ್‌ವರೆಗೆ ಹಾಕಲು ಅವಕಾಶ ಇದೆ, ಬಳಸಿಕೊಳ್ಳಿ. ಠೇವಣಿ 25,000 ರೂಪಾಯಿ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ 12,500. ಚಲಾವಣೆಯಾದ ಸಿಂಧು ಮತಗಳಲ್ಲಿ ಆರನೇ ಒಂದು ಭಾಗಕ್ಕಿಂತ ಜಾಸ್ತಿ ಬರದೆ ಸೋತರೆ ಠೇವಣಿ ಹೋಗುತ್ತದೆ.

ಫಾರಂ 26 ಎಂಬ ಅಫಿಡವಿಟ್‌ಗೆ ಒಂದು ವಾರ ಮೀಸಲಿಡಿ. ಆಸ್ತಿ, ಸಾಲ, ಕೇಸು, ಓದು, ಆದಾಯ ತೆರಿಗೆ ಎಲ್ಲ ಅದರಲ್ಲಿ ಬರೆಯಬೇಕು. ಒಂದು ಕಾಲಂ ಖಾಲಿ ಬಿಡುವಂತಿಲ್ಲ. ಸೈನಿಕರಿಗೆ ಬೆವರಿಳಿಸುವ ಕಾಲಂ ಒಂದಿದೆ: ಕಳೆದ ಹತ್ತು ವರ್ಷಗಳಲ್ಲಿ ಸರ್ಕಾರಿ ಮನೆಯಲ್ಲಿ ಇದ್ದಿರಾ? ಇದ್ದರೆ ಬಾಡಿಗೆ, ಕರೆಂಟು, ನೀರು, ಫೋನ್ ಬಾಕಿ ಇಲ್ಲ ಎಂಬ ಪತ್ರ ಬೇಕು. ಪಠಾಣ್‌ಕೋಟ್, ಜೋಧಪುರ, ತೇಜಪುರ ಎಂದು ಕ್ವಾರ್ಟರ್ಸ್ ಬದಲಿಸುತ್ತಾ ಬಂದವರು ಹತ್ತು ವರ್ಷದ ನಂತರ ಆ ನೋ ಡ್ಯೂಸ್ ಪತ್ರ ತರುವುದೆಲ್ಲಿಂದ? ಆದ್ದರಿಂದ ರಾಜಕೀಯದ ಯೋಚನೆ ಇರಲಿ ಬಿಡಲಿ, ಪ್ರತಿ ಸಲ ಕ್ವಾರ್ಟರ್ಸ್ ಖಾಲಿ ಮಾಡುವಾಗಲೂ ಆ ಪತ್ರ ತೆಗೆದು ಟ್ರಂಕಿಗೆ ಹಾಕಿಡಿ.

ನಾಮಪತ್ರಕ್ಕೆ ಕನಿಷ್ಠ ಒಂದು ದಿನ ಮೊದಲು ಚುನಾವಣಾ ಖರ್ಚಿಗೇ ಪ್ರತ್ಯೇಕ ಬ್ಯಾಂಕ್ ಖಾತೆ ತೆರೆಯಬೇಕು. ನಾಮಪತ್ರ ಕೊಟ್ಟ ಮೇಲೆ, ಪರಿಶೀಲನೆಯ ದಿನಕ್ಕೆ ಮೊದಲು ಸಂವಿಧಾನಕ್ಕೆ ನಿಷ್ಠರಾಗಿರುವುದಾಗಿ ಪ್ರಮಾಣ ಸ್ವೀಕರಿಸಬೇಕು. ಇದನ್ನು ಮರೆತವರಿದ್ದಾರೆ. ಕರ್ನಾಟಕದಲ್ಲಿ ಲೋಕಸಭಾ ಅಭ್ಯರ್ಥಿಯ ಖರ್ಚಿನ ಮಿತಿ 95 ಲಕ್ಷ. ಫಲಿತಾಂಶ ಬಂದ 30 ದಿನದಲ್ಲಿ ಲೆಕ್ಕ ಕೊಡಬೇಕು. ಸೋತವರೂ ಕೊಡಬೇಕು. ಕೊಡದಿದ್ದರೆ ಆಯೋಗ ಮೂರು ವರ್ಷ ಅನರ್ಹಗೊಳಿಸಬಹುದು.

ಪ್ರಚಾರಕ್ಕೆ ಹೋಗುವಾಗ ಸಮವಸ್ತ್ರ ಮನೆಯಲ್ಲಿರಲಿ

ಸೈನಿಕರ ಫೋಟೊವನ್ನು ಪ್ರಚಾರಕ್ಕೆ ಬಳಸಬಾರದು ಎಂದು ಚುನಾವಣಾ ಆಯೋಗ 2013ರ ಡಿಸೆಂಬರ್‌ನಲ್ಲೇ ಹೇಳಿತ್ತು. 2019ರ ಮಾರ್ಚ್‌ನಲ್ಲಿ ಮತ್ತೆ ಹೇಳಿತು. ನೀವು ಮಾಜಿ ಸೈನಿಕರು ಎಂದು ಹೇಳಿಕೊಳ್ಳಿ, ಅದು ನಿಮ್ಮ ಬದುಕು. ಹೆಸರಿನ ಜೊತೆ ದರ್ಜೆ ಬರೆದರೆ 'ನಿವೃತ್ತ' ಎಂದೂ ಬರೆಯಿರಿ. ಫ್ಲೆಕ್ಸ್‌ನಲ್ಲಿ ಹುತಾತ್ಮರ ಮುಖ, ಟ್ಯಾಂಕು, ನಿಮ್ಮ ಹಳೆಯ ಯೂನಿಟ್ಟಿನ ಚಿಹ್ನೆ ಬೇಡ. ಆ ಚಿಹ್ನೆಯ ಅಡಿ ಎಲ್ಲ ಪಕ್ಷದ ಮನೆಗಳ ಮಕ್ಕಳೂ ನಿಂತಿದ್ದಾರೆ. ಮಿಲಿಟರಿ ಕ್ಯಾಂಟೀನಿನ ಮದ್ಯದ ಬಾಟಲಿ ಹಂಚುವುದು ಇನ್ನೂ ದೊಡ್ಡ ತಪ್ಪು, ಕಾನೂನಿನ ಕಣ್ಣಿನಲ್ಲಿ ಅದು ಲಂಚವೇ.

ರಾಜ್ಯಸಭೆಯ ದಾರಿ

ಇಲ್ಲಿ ಓಟು ಹಾಕುವವರು ಶಾಸಕರು, ಆದ್ದರಿಂದ ಪಕ್ಷದ ಬೆಂಬಲ ಇಲ್ಲದೆ ಹೆಚ್ಚುಕಡಿಮೆ ಆಗದ ಮಾತು. ಠೇವಣಿ 10,000 ರೂಪಾಯಿ. ಕರ್ನಾಟಕಕ್ಕೆ 12 ಸ್ಥಾನ. ಬಾಂಗ್ಲಾ ಯುದ್ಧದ ಲೆಫ್ಟಿನೆಂಟ್ ಜನರಲ್ ಜಗಜಿತ್ ಸಿಂಗ್ ಅರೋರಾ ಅಕಾಲಿ ದಳದಿಂದ, ಸೇನಾ ಮುಖ್ಯಸ್ಥರಾಗಿದ್ದ ಶಂಕರ್ ರಾಯ್‌ಚೌಧರಿ ಪಶ್ಚಿಮ ಬಂಗಾಳದಿಂದ ಈ ಸದನಕ್ಕೆ ಬಂದವರು.

ಗೆದ್ದ ಮೇಲೆ

ವರ್ಷಕ್ಕೆ 5 ಕೋಟಿಯ ಸಂಸದರ ನಿಧಿ ಸಿಗುತ್ತದೆ. ಅದರಲ್ಲಿ ರಸ್ತೆ, ಶಾಲೆಯ ಕೊಠಡಿ ಎಲ್ಲ ಮಾಡಬಹುದು. ಆದರೆ ಸೈನಿಕನ ಅನುಭವ ನಿಜವಾಗಿ ಬೇಕಾಗುವುದು ರಕ್ಷಣಾ ಇಲಾಖೆಯ ಸ್ಥಾಯಿ ಸಮಿತಿಯಲ್ಲಿ. ಲೋಕಸಭೆಯ 21, ರಾಜ್ಯಸಭೆಯ 10 ಸದಸ್ಯರು ಅಲ್ಲಿ ಕೂತು ಸೇನೆಯ ಅಧಿಕಾರಿಗಳನ್ನೂ ಸಚಿವಾಲಯದವರನ್ನೂ ಪ್ರಶ್ನೆ ಕೇಳುತ್ತಾರೆ. ಬೂಟು, ಬುಲೆಟ್ ಪ್ರೂಫ್ ಜಾಕೆಟ್, ಮದ್ದುಗುಂಡು, ಕ್ವಾರ್ಟರ್ಸ್ ಎಲ್ಲದರ ಲೆಕ್ಕ ಅಲ್ಲಿಗೆ ಬರುತ್ತದೆ. ಗೆದ್ದ ಕೂಡಲೇ ಪಕ್ಷದ ನಾಯಕರ ಬಳಿ ಹೋಗಿ ಆ ಸಮಿತಿಯಲ್ಲಿ ಜಾಗ ಕೇಳಿ.

ಮೇಜರ್ ಜನರಲ್ ಬಿ.ಸಿ. ಖಂಡೂರಿ ಸೇನೆಯ ಎಂಜಿನಿಯರ್ ಆಗಿದ್ದವರು. 1991ರಲ್ಲಿ ಗಢವಾಲ್‌ನಿಂದ ಲೋಕಸಭೆಗೆ ಬಂದರು. ವಾಜಪೇಯಿ ಸರ್ಕಾರದಲ್ಲಿ ಹೆದ್ದಾರಿ ಖಾತೆ ನೋಡಿಕೊಂಡರು. ಮುಂದೆ ಇದೇ ರಕ್ಷಣಾ ಸಮಿತಿಯ ಅಧ್ಯಕ್ಷರಾದರು. 2018ರ ಮಾರ್ಚ್‌ನಲ್ಲಿ ಸಮಿತಿಯ ವರದಿ ಸಂಸತ್ತಿನ ಮುಂದೆ ಬಂತು. ಸೇನೆಯ ಬಳಿ ಇರುವ ಸಲಕರಣೆಗಳಲ್ಲಿ ಶೇ 68 ಹಳೆಯ ಕಾಲದವು, ಶೇ 24 ಈಗಿನವು, ಶೇ 8 ಮಾತ್ರ ಅತ್ಯಾಧುನಿಕ ಎಂದು ಸೇನಾ ಉಪಮುಖ್ಯಸ್ಥರು ಸಮಿತಿಗೆ ಹೇಳಿದ್ದು ಅದರಲ್ಲಿ ಇದ್ದ ಹಾಗೇ ಅಚ್ಚಾಗಿತ್ತು. ಆಗ ಕೇಂದ್ರದಲ್ಲಿ ಇದ್ದದ್ದು ಖಂಡೂರಿಯವರ ಪಕ್ಷದ್ದೇ ಸರ್ಕಾರ.